ಒಂಬತ್ತನೇ ನಂಬರಿನ ಮೆಲ್ರೋಯ್

೨೦೧೪ರ ನವೆಂಬರ್ ೨೮, ಶುಕ್ರವಾರ, ಮಧ್ಯಾಹ್ನ ಎರಡು ಗಂಟೆ ನಲವತ್ತು ನಿಮಿಷ. ದುಬೈಯ ಒಂದು ಭಾರತೀಯ ಶಾಲೆಯ ಎರಡನೇ ತರಗತಿಯ ಕೋಣೆಯಲ್ಲಿ, ಮಕ್ಕಳು ಕೂರುವ ಗಿಡ್ಡ ಬೆಂಚಿನ ಮೇಲೆ ಕುಳಿತು ಎಡ ಮೊಣಕಾಲಿಗೆ ಪಟ್ಟಿ ಸುತ್ತುತ್ತಿದ್ದ ಚನಿಯನ ಮಡಿಲಿಗೆ ರೇಮಂಡ್ ಒಂದು ಜೆರ್ಸಿ ಎಸೆದ. ನೀಲಿ ಬಣ್ಣ, ಒಂಬತ್ತನೇ ನಂಬರು. ಬೆನ್ನಿನ ಮೇಲೆ ಮೆಲ್ರೋಯ್ ಎಂದಿತ್ತು.

"ಇದು ಯಾರದ್ದು ಸರ್?"

"ನಿನ್ನದೇ. ಇವತ್ತು ನೀನು ಮೆಲ್ರೋಯ್ ಕುಟಿನ್ಹೊ. ಅವ ಬನಿಯಾಸಿನಲ್ಲಿ ಲ್ಯಾಬ್ ಟೆಕ್ನೀಶಿಯನ್, ಇವತ್ತು ಡ್ಯೂಟಿ ಉಂಟು, ಬರುವುದಿಲ್ಲ. ನಮ್ಮ ಇಗರ್ಜಿಯವನೇ, ನಮ್ಮ ಫಿರ್ಗಜ್‌ನವನೇ. ಲಿಸ್ಟಲ್ಲಿ ಹೆಸರುಂಟು."

"ಗೆಸ್ಟ್ ಅಂತ ನನ್ನ ಹೆಸರೇ ಹಾಕ್ತೇನೆ ಹೇಳಿದ್ರಲ್ಲ ನೀವು."

"ಹೇಳಿದ್ದೆ ಮಾರಾಯ, ಇಲ್ಲ ಅಂತ ಯಾರು ಹೇಳಿದ್ದು? ಆದ್ರೆ ಮೊನ್ನೆ ಆ ಕಣ್ಣೂರಿನ ಇಬ್ಬರು ಸಿಕ್ಕಿದ್ರು, ಆರಡಿ ಮೂರಿಂಚು. ಗೆಸ್ಟಿಗೆ ಎರಡೇ ಜಾಗ. ನಿನಗೆಂತ ವ್ಯತ್ಯಾಸ? ಮೆಲ್ರೋಯ್ ಆದ್ರೂ ಅದೇ ಕೈ, ಅದೇ ಕಾಲು. ಯಲ್ಲಾ, ಹಾಕು."

ಅಷ್ಟು ಹೇಳಿ ರೇಮಂಡ್ ಹೊರಟುಹೋದ. ಬಾಯಲ್ಲಿ ಸರ್, ನೀವು ಎಂದರೂ ಚನಿಯನ ಮನಸ್ಸಿನಲ್ಲಿ ಅವನಿಗೆ ಎಂದೂ ಏಕವಚನವೇ. ರೇಮಂಡ್ ಒಬ್ಬನಿಗೇ ಅಲ್ಲ. ಹನ್ನೆರಡು ವರ್ಷಗಳಲ್ಲಿ ತನ್ನನ್ನು ಕೊಂಡ ಒಂಬತ್ತೂ ಧಣಿಗಳಿಗೆ ಅವನು ಒಳಗೊಳಗೆ ಕೊಟ್ಟ ಮರ್ಯಾದೆ ಅಷ್ಟೇ.

ಬ್ಯಾಗಿನ ತಳದಲ್ಲಿ ಇನ್ನೊಂದು ಜೆರ್ಸಿ ಮಡಚಿ ಇಟ್ಟಿತ್ತು. ಅದನ್ನು ಹೊಲಿದವನು ದುಬೈಯ ಸತ್ವಾ ಪೇಟೆಯ ಟೈಲರ್ ಅಲಿಯಬ್ಬ, ಚನಿಯನ ರೂಮಿನವನು. ಅದೂ ನೀಲಿ, ಅದೂ ಒಂಬತ್ತು. ಬೆನ್ನಿಗೆ ಚನಿಯ ಎಂದು ಅಂಟಿಸುವಾಗ ಅಲಿಯಬ್ಬ ನಕ್ಕಿದ್ದ. "ಹನ್ನೆರಡು ವರ್ಷದಲ್ಲಿ ನಿನಗೆ ಹತ್ತು ಹೆಸರು ಹೊಲಿದಿದ್ದೇನೆ. ನಿನ್ನ ಹೆಸರು ಹೊಲಿಯುವುದು ಇದೇ ಮೊದಲು. ಸ್ಪೆಲ್ಲಿಂಗ್ ಎಂತ ನಿನ್ನದು?"

ಈ ಶುಕ್ರವಾರ ಚನಿಯನಿಗೆ ಬೇಕಾಗಿದ್ದದ್ದು ಗೆಲುವಿನ ಕಪ್ಪಲ್ಲ. ವಾಲಿಬಾಲ್ ಆಟಗಾರರ ಪಟ್ಟಿಯಲ್ಲಿ ಒಂದು ಸಲ, ಒಂದೇ ಸಲ, ತನ್ನ ಹೆಸರು.

ಕಾರಣ ಊರಿನಲ್ಲಿತ್ತು. ಮನೆಯ ಅಟ್ಟದ ಮೇಲೆ ಅಕ್ಕಿಯ ಗೋಣಿಯಲ್ಲಿ ಏಳು ಟ್ರೋಫಿಗಳಿದ್ದವು. ಬೆಸ್ಟ್ ಅಟ್ಯಾಕರ್ ಆಲ್ವಿನ್ ಮೊರಾಸ್, ಬೆಸ್ಟ್ ಅಟ್ಯಾಕರ್ ಸ್ಟ್ಯಾನಿ ರೆಬೆಲ್ಲೊ, ಹೀಗೆ ಏಳು. ಏಳನ್ನೂ ಹೊಡೆದ ಕೈ ಒಂದೇ. ಕಳೆದ ಜುಲೈಯಲ್ಲಿ ಮಗಳು ಶರ್ಮಿಳಾ ಅದರಲ್ಲೊಂದನ್ನು ಉಜ್ಜಿ ಹೊಳಪಿಸಿ ಶಾಲೆಗೆ ತೆಗೆದುಕೊಂಡು ಹೋಗಿದ್ದಳು, ನನ್ನ ಅಪ್ಪನದ್ದು ಎಂದು ತೋರಿಸಲು. ಟೀಚರ್ ಅದರ ಮೇಲಿದ್ದ ಹೆಸರು ಓದಿದರು. ಹಿಂದಿನ ಬೆಂಚಿನಿಂದ ಯಾರೋ "ಕದ್ದ ಕಪ್" ಎಂದರು. ಆ ಸಂಜೆ ಫೋನಿನಲ್ಲಿ ಅವಳು ಕೇಳಿದ್ದಳು: "ಅಪ್ಪ, ಆಲ್ವಿನ್ ಯಾರು?"

"ನನ್ನ ಫ್ರೆಂಡ್, ಮಗಾ. ಅವನೇ ಕೊಟ್ಟದ್ದು."

"ಯಾಕೆ ಕೊಟ್ರು? ಅವರಿಗೆ ಮಗಳಿಲ್ವಾ?"

ಮರುದಿನವೇ ಹೆಂಡತಿ ಸ್ವರ್ಣಲತಾ ಏಳನ್ನೂ ಗೋಣಿಗೆ ತುಂಬಿ ಅಟ್ಟಕ್ಕೆ ಏರಿಸಿದಳು. ಸೆಪ್ಟೆಂಬರಿನಲ್ಲಿ ರೇಮಂಡ್, ನೀನು ನಮ್ಮೂರಿನವನೇ ಅಲ್ವಾ, ಈ ಸಲ ನಿನ್ನ ಹೆಸರಲ್ಲೇ ಆಡು ಎಂದಾಗ ಚನಿಯ ಆ ದಿನವೇ ಮಗಳಿಗೆ ಫೋನ್ ಮಾಡಿದ. ನನ್ನ ಹೆಸರಿರುವ ಕಾಗದವನ್ನೇ ಕಳಿಸುತ್ತೇನೆ, ಟೀಚರಿಗೆ ತೋರಿಸು ಎಂದ. ರೇಮಂಡನ ಮಾತನ್ನು ನಂಬಿದ್ದಕ್ಕೆ ಈಗ ಅವನಿಗೆ ರೇಮಂಡನಿಗಿಂತ ತನ್ನ ಮೇಲೆಯೇ ಹೆಚ್ಚು ತಾತ್ಸಾರ ಬಂತು. ಎಂಟು ಧಣಿಗಳ ಉಪ್ಪು ತಿಂದವನಿಗೆ ಒಂಬತ್ತನೇ ಸಲ ಬುದ್ಧಿ ಬರಬೇಕಿತ್ತು.

ಅವನ ಆಟದ ಬದುಕು ಹೀಗೆ. ೧೯೯೩ರಲ್ಲಿ, ಹದಿನೆಂಟನೇ ವಯಸ್ಸಿನಲ್ಲಿ, ರಾಜ್ಯದ ಕಿರಿಯರ ವಾಲಿಬಾಲ್ ತಂಡದ ಶಿಬಿರಕ್ಕೆ ಹೋದ. ಹನ್ನೆರಡು ಮಂದಿಯನ್ನು ಆರಿಸಿದರು, ಅವನು ಹದಿಮೂರನೆಯವನು. ಹದಿನೇಳು ದಿನಕ್ಕೆ ವಾಪಸು ಬಂದ. ಆಮೇಲೆ ಒಂಬತ್ತು ವರ್ಷ ಕಾಸರಗೋಡಿನಿಂದ ಕುಂದಾಪುರದವರೆಗೆ ಯಾವ ಸಂಘ ಕರೆದರೆ ಆ ಸಂಘದ ಪರವಾಗಿ ಸ್ಮ್ಯಾಶ್ ಹೊಡೆದ. ಸೋತರೆ ಬಸ್ಸಿನ ಖರ್ಚು, ಗೆದ್ದರೆ ಕೋಳಿ ಊಟ. ೨೦೦೨ರಲ್ಲಿ ಅಬುಧಾಬಿಯ ಬನಿಯಾಸಿನ ಒಂದು ಸಾರಿಗೆ ಕಂಪೆನಿ ಅವನನ್ನು ಕರೆಸಿಕೊಂಡಿತು. ವೀಸಾದಲ್ಲಿ ಆಫೀಸ್ ಬಾಯ್. ನಿಜವಾದ ಕೆಲಸ ಶುಕ್ರವಾರದ್ದು. ಉಳಿದ ಆರು ದಿನ ಚಹಾ. ಆ ಧಣಿಗೆ ಎರಡು ವರ್ಷದ ಮೇಲೆ ಗಾಲ್ಫಿನ ಹುಚ್ಚು ಹಿಡಿಯಿತು, ಚನಿಯನ ವೀಸಾ ಖಲಾಸ್. ಮುಂದಿನವನ ಹತ್ತಿರ ಕ್ಲೀನರ್. ಅವನು ನಾಟಕ ಆಡಿಸುವುದಕ್ಕೆ ಹೊರಟ, ಮತ್ತೆ ಖಲಾಸ್. ಹೆಲ್ಪರ್ ಆದ, ಮೆಸೆಂಜರ್ ಆದ. ಈಗ ದುಬೈ ಇನ್ವೆಸ್ಟ್‌ಮೆಂಟ್ಸ್ ಪಾರ್ಕಿನಲ್ಲಿ ರೇಮಂಡನ ಅಲ್ಯುಮಿನಿಯಂ ಕಾರ್ಖಾನೆಯ ಸ್ಟೋರ್‌ಕೀಪರ್.

ಈ ಧಣಿಗಳನ್ನು ಚನಿಯ ಹತ್ತಿರದಿಂದ ನೋಡಿದ್ದ. ಹೊಟ್ಟೆ ಅಡ್ಡ ಬಂದು ತಮ್ಮ ಶೂ ಲೇಸು ತಾವು ಕಟ್ಟಲಾರದವರು ಅಂಗಳದ ಬದಿಯಲ್ಲಿ ನಿಂತು "ಟೈಮಿಂಗ್ ಇಲ್ಲ ನಿನಗೆ, ಟೈಮಿಂಗ್" ಎನ್ನುತ್ತಿದ್ದರು. ಊರ ಹೆಸರು, ಊರ ಮಾನ ಎಂದು ಮೈಕಿನಲ್ಲಿ ಕೂಗುತ್ತಿದ್ದರು. ಆ ಮಾನ ಕಾಯುವುದಕ್ಕೆ ಮಾತ್ರ ಅವರಿಗೆ ಬಾಡಿಗೆಯ ಕಾಲು ಬೇಕು. ಗೆದ್ದ ದಿನ ಕಪ್ಪಿಗೆ ಮೊದಲು ಕೈ ಹಾಕುವವರು ಅವರೇ. ಫೋಟೋದಲ್ಲಿ ಚನಿಯ ಯಾವಾಗಲೂ ಅಂಚಿನಲ್ಲಿ, ಅರ್ಧ ಭುಜ ಕತ್ತರಿಸಿಹೋಗಿ.

ಇಂದಿನದು ಫಿರ್ಗಜ್‌ವಾರು ಪಂದ್ಯಾಟ. ಕರಾವಳಿಯ ಕೊಂಕಣಿ ಕ್ರೈಸ್ತರಲ್ಲಿ ಒಂದೊಂದು ಇಗರ್ಜಿಗೆ ಸೇರಿದ ಮನೆಗಳ ಗುಂಪಿಗೆ ಫಿರ್ಗಜ್ ಎನ್ನುತ್ತಾರೆ. ತಂಡದಲ್ಲಿ ಆಡುವವರು ಆ ಫಿರ್ಗಜ್‌ನ ಪಟ್ಟಿಯಲ್ಲಿ ಇರಬೇಕು, ಗೆಸ್ಟ್ ಎಂದು ಹೊರಗಿನವರು ಇಬ್ಬರೇ. ರೇಮಂಡನದು ಕಲ್ಲಮಜಲು ಇಗರ್ಜಿ. ಚನಿಯನ ಮನೆ ಆ ಇಗರ್ಜಿಯ ಅಂಗಳದಿಂದ ಕೂಗಿದರೆ ಕೇಳುವಷ್ಟು ದೂರ, ಗುಡ್ಡೆಯ ಕೆಳಗೆ, ತೋಡಿನ ಬದಿಯಲ್ಲಿ. ಅವನು ಚೆಂಡು ಮುಟ್ಟಲು ಕಲಿತದ್ದೇ ಆ ಅಂಗಳದಲ್ಲಿ. ಆದರೂ ಅವನು ಕಲ್ಲಮಜಲಿನವನಲ್ಲ, ಏಕೆಂದರೆ ಪಟ್ಟಿಯಲ್ಲಿಲ್ಲ. ಚನಿಯ ಎಂಬುದು ಶನಿವಾರ ಹುಟ್ಟಿದವನಿಗೆ ಇಡುವ ಹೆಸರು. ಕೇಳಿದ ಕೂಡಲೇ ಮನೆ ಯಾವ ಬದಿ, ಜಗಲಿಯಿಂದ ಎಷ್ಟು ದೂರ ನಿಲ್ಲಿಸಬೇಕು ಎಂಬುದೆಲ್ಲ ಊರಿನವರಿಗೆ ತಿಳಿಯುವಂಥ ಹೆಸರು. ಅದು ದುಬೈಯ ಮೈಕಿನಲ್ಲಿ ಕೇಳಿಸದಿದ್ದರೆ ರೇಮಂಡನಿಗೂ ಸಮಾಧಾನವೇ ಇದ್ದಿರಬೇಕು. ಕಣ್ಣೂರಿನವರ ಆರಡಿ ಮೂರಿಂಚು ಒಳ್ಳೆಯ ನೆಪ.

ಚನಿಯ ಮೆಲ್ರೋಯ್‌ನನ್ನು ಮೈಮೇಲೆ ಹಾಕಿಕೊಂಡ.

ಅಂಗಳಕ್ಕೆ ಹೋಗುವ ದಾರಿಯಲ್ಲಿ ಒಂದು ಫಿಸಿಯೋಥೆರಪಿ ಕ್ಲಿನಿಕ್‌ನವರು ಮೇಜು ಹಾಕಿದ್ದರು. ಪಕ್ಕದಲ್ಲಿ ಎತ್ತರದ ಕಂಬ. ಅದರ ಮೇಲ್ತುದಿಯಲ್ಲಿ ಒಂದೊಂದು ಸೆಂಟಿಮೀಟರಿಗೆ ಒಂದರಂತೆ ಪ್ಲಾಸ್ಟಿಕ್ ಕಡ್ಡಿಗಳು. ಓಡಿಬಂದು ಹಾರಿ ಕೈ ಬೀಸಿದರೆ ತಾಗಿದ ಕಡ್ಡಿಗಳು ತಿರುಗುತ್ತವೆ. ಎಷ್ಟು ಎತ್ತರ ಮುಟ್ಟಿದಿರಿ ಎಂದು ಬರೆದುಕೊಡುತ್ತಾರೆ. ಹೆಸರು ಬರೆಯುತ್ತಿದ್ದ ಹುಡುಗಿಯ ಎದೆಯ ಮೇಲೆ ಜೋಯ್ಲಿನ್ ಎಂಬ ಚೀಟಿ ಇತ್ತು.

"ಅಣ್ಣ, ಒಮ್ಮೆ ಹಾರಿ ನೋಡಿ. ಹೆಸರು ಹೇಳಿದ್ರೆ ಸಾಕು, ಐಡಿ ಎಲ್ಲ ಬೇಡ."

"ಮತ್ತೆ ಬರ್ತೇನೆ," ಎಂದ ಚನಿಯ. "ಯಾವ ಹೆಸರು ಅಂತ ಇನ್ನೂ ಗ್ಯಾರಂಟಿ ಇಲ್ಲ."

ಅವಳು ತಮಾಷೆ ಎಂದುಕೊಂಡು ನಕ್ಕಳು. ಅವಳ ಪಟ್ಟಿಯ ಮೊದಲ ಸಾಲಿನಲ್ಲಿ ರೇಮಂಡನ ಮಗ ಇವಾನನ ಹೆಸರಿತ್ತು: ಮೂರು ಮೀಟರ್ ಹನ್ನೊಂದು. ಇಪ್ಪತ್ತೆರಡು ವರ್ಷದವನು, ಇಲ್ಲೇ ಹುಟ್ಟಿದವನು. ಅವನಷ್ಟು ಎತ್ತರ ಹಾರಿ ಅವನಷ್ಟು ಕೆಟ್ಟದಾಗಿ ಹೊಡೆಯುವವನನ್ನು ಚನಿಯ ಬೇರೆ ಎಲ್ಲೂ ಕಂಡಿರಲಿಲ್ಲ. ದೇವರು ಕೊಟ್ಟ ಮೂರು ಮೀಟರ್ ಹನ್ನೊಂದನ್ನು ಅವನು ನೆಟ್ಟಿಗೆ ದಾನ ಮಾಡುತ್ತಿದ್ದ.

ಸೆಮಿಫೈನಲ್ ಬೊಳ್ಳಡ್ಕ ಫಿರ್ಗಜ್‌ನ ಮೇಲೆ. ಅವರ ಕ್ಯಾಪ್ಟನ್ ಕ್ಯಾಮಿಲಸ್, ಅಬುಧಾಬಿಯಲ್ಲಿ ಹೋಟೆಲ್ ಮ್ಯಾನೇಜರ್. ಚನಿಯನನ್ನು ನೆಟ್ಟಿನ ಆಚೆಯಿಂದ ಕಂಡದ್ದೇ ಅವನ ಮುಖ ಹುಣಸೆ ಹಣ್ಣು ಕಚ್ಚಿದಂತಾಯಿತು. ಆಗುವುದೇ. ಮೂರು ವರ್ಷದ ಹಿಂದೆ ಇದೇ ಪಂದ್ಯಾಟದಲ್ಲಿ ಬೊಳ್ಳಡ್ಕಕ್ಕೆ ಕಪ್ಪು ಗೆದ್ದುಕೊಟ್ಟ ನಾರ್ಬರ್ಟ್ ಮಥಾಯಸ್ ಬೇರೆ ಯಾರೂ ಅಲ್ಲ, ಇದೇ ಚನಿಯ.

"ಆರಾಮಾ ಸರ್?" ಎಂದ ಚನಿಯ, ಕೈ ಕುಲುಕುವ ಶಾಸ್ತ್ರದ ಹೊತ್ತಿಗೆ.

"ನಾನು ನಿನ್ನನ್ನು ನೋಡಿದ ಹಾಗಿಲ್ಲ," ಎಂದ ಕ್ಯಾಮಿಲಸ್.

"ಹೌದಾ? ನನ್ನ ಮುಖ ಹಾಗೇ ಸರ್. ಗೆಲ್ಲುವಾಗ ಮಾತ್ರ ನೆನಪಿರ್ತದೆ."

ಮೊದಲ ಸೆಟ್ಟು ಹೋಯಿತು. ಎರಡನೆಯದರಲ್ಲಿ ಲಿಫ್ಟರ್ ಲೆಸ್ಲಿ ಚೆಂಡನ್ನು ಇವಾನನಿಗೆ ಎತ್ತುವುದು ಬಿಟ್ಟು ಚನಿಯನಿಗೆ ಎತ್ತತೊಡಗಿದ. ಚನಿಯನ ಮೊಣಕಾಲು ಈಗ ಹಾರುವುದಕ್ಕೆ ಮುಂಚೆ ಯೋಚನೆ ಮಾಡುತ್ತಿತ್ತು. ಇಪ್ಪತ್ತೈದರ ವಯಸ್ಸಿನಲ್ಲಿ ಮುಟ್ಟುತ್ತಿದ್ದಲ್ಲಿಗೆ ಕೈ ತಲುಪುತ್ತಿರಲಿಲ್ಲ. ಆದರೆ ಬ್ಲಾಕ್ ಮಾಡುವವರ ಬೆರಳುಗಳ ನಡುವೆ ಎಲ್ಲಿ ಸಂದು ಬೀಳುತ್ತದೆ, ಯಾರ ಕೈ ಹೆದರಿ ಹಿಂದೆ ವಾಲುತ್ತದೆ ಎಂಬುದೆಲ್ಲ ಕಣ್ಣಿಗೆ ಗೊತ್ತಿತ್ತು. ಮೂರನೇ ಸೆಟ್ಟಿನ ಕೊನೆಯ ಚೆಂಡನ್ನು ಅವನು ಬಲವಾಗಿ ಹೊಡೆಯಲೇ ಇಲ್ಲ. ಕ್ಯಾಮಿಲಸನ ಎತ್ತಿದ ಕೈಗಳ ಹಿಂದೆ, ಹೂವಿಟ್ಟಂತೆ ಇಟ್ಟ. ಕ್ಯಾಮಿಲಸ್ ತಿರುಗಿ ನೋಡುವಷ್ಟರಲ್ಲಿ ಅದು ಎರಡು ಸಲ ನೆಗೆದಿತ್ತು.

ಮೈಕ್ ಕೂಗಿತು: "ಕಲ್ಲಮಜಲು ಫೈನಲಿಗೆ! ಏನು ಆಟ, ಏನು ಆಟ ನಮ್ಮ ಮೆಲ್ರೋಯ್ ಕುಟಿನ್ಹೊ ಅವರದ್ದು!"

ರೇಮಂಡ್ ಇವಾನನನ್ನು ಅಪ್ಪಿಕೊಂಡ.

ಹತ್ತು ನಿಮಿಷದೊಳಗೆ ಕ್ಯಾಮಿಲಸ್ ದೂರು ಕೊಟ್ಟ. ಒಂಬತ್ತನೇ ನಂಬರಿನವನು ಫಿರ್ಗಜ್‌ನವನಲ್ಲ. ಪಂದ್ಯಾಟದ ಸಮಿತಿಯ ಅಧ್ಯಕ್ಷರು ಗೇಬ್ರಿಯಲ್. ಆಸ್ಪತ್ರೆಯೊಂದರ ರೆಕಾರ್ಡ್ ವಿಭಾಗದಲ್ಲಿ ಇಪ್ಪತ್ತೆಂಟು ವರ್ಷ ಫೈಲುಗಳ ನಡುವೆ ಇದ್ದು, ಫೈಲಿನಲ್ಲಿ ಇಲ್ಲದ್ದು ಲೋಕದಲ್ಲೂ ಇಲ್ಲ ಎಂದು ನಂಬಿದವರು. ಒಂದು ಕೈಯಲ್ಲಿ ಫೈಲು, ಇನ್ನೊಂದು ಕೈಯಲ್ಲಿ ನಿರೂಪಕನಿಂದ ಕಿತ್ತುಕೊಂಡ ಮೈಕು ಹಿಡಿದು ಅಂಗಳದ ಮಧ್ಯಕ್ಕೆ ಬಂದರು.

"ಏನು ಆಧಾರ ಕ್ಯಾಮಿಲಸ್?"

ಆಧಾರ ಕ್ಯಾಮಿಲಸನಿಗೆ ಚೆನ್ನಾಗಿಯೇ ಗೊತ್ತಿತ್ತು. ಹೇಳಿದರೆ ಮೂರು ವರ್ಷದ ಹಿಂದಿನ ಕಪ್ಪೂ ಹೋಗುತ್ತದೆ.

"ನೋಡಿದ್ರೆ ಗೊತ್ತಾಗ್ತದೆ ಅಂಕಲ್," ಎಂದ.

"ಎಂತ ಗೊತ್ತಾಗ್ತದೆ?" ರೇಮಂಡ್ ಮುನ್ನುಗ್ಗಿದ. "ಬಣ್ಣ ನೋಡಿ ಹೇಳ್ತೀಯಾ? ನಿನ್ನ ಬಣ್ಣ ಎಂತ ಪೋರ್ಚುಗಲ್ಲಿನದ್ದಾ?"

"ಪಾಸ್‌ಪೋರ್ಟ್ ಕಾಪಿ ತೋರಿಸಲಿ."

"ಪಾಸ್‌ಪೋರ್ಟು ಕಂಪೆನಿಯಲ್ಲಿ. ಶುಕ್ರವಾರ ಯಾರು ಕೊಡ್ತಾರೆ?"

ಅದು ನಿಜ, ಅಲ್ಲಿದ್ದ ಅರ್ಧ ಜನರ ಪಾಸ್‌ಪೋರ್ಟು ಕಂಪೆನಿಯಲ್ಲೇ ಇತ್ತು. ಕ್ಯಾಮಿಲಸ್ ಸ್ವಲ್ಪ ಹೊತ್ತು ತಲೆ ಕೆರೆದುಕೊಂಡ. ಆಮೇಲೆ ಅವನ ಮುಖ ಬೆಳಗಿತು.

"ಆಯ್ತು ಅಂಕಲ್. ಆಮ್ಚ್ಯಾ ಬಾಪಾ ಹೇಳಲಿ. ಕೊಂಕಣಿಯಲ್ಲಿ, ಮೊದಲಿನಿಂದ ಕೊನೆಯವರೆಗೆ."

ಮನೆಮನೆಯಲ್ಲಿ ಪ್ರತಿ ಸಂಜೆ ತೇರ್ಸಿನ ಹೊತ್ತಿಗೆ, ಜಪಮಾಲೆ ಹಿಡಿದು ಹೇಳುವ 'ನಮ್ಮ ತಂದೆಯೇ' ಪ್ರಾರ್ಥನೆ ಅದು. ಹೊರಗಿನವನು ಹೆಸರು ಕದಿಯಬಹುದು, ಅದನ್ನು ಹೇಗೆ ಕದ್ದಾನು? ಕುರ್ಚಿಗಳಲ್ಲಿ ಕುಳಿತವರಿಗೆಲ್ಲ ಈ ಉಪಾಯ ಬಹಳ ಹಿಡಿಸಿತು. ಗೇಬ್ರಿಯಲರಿಗೂ ಹಿಡಿಸಿತು, ಆದರೆ ಅವರಿಗೆ ಕ್ರಮ ಮುಖ್ಯ.

"ಒಬ್ಬನಿಗೇ ಆದ್ರೆ ಅನ್ಯಾಯ. ಗೆಸ್ಟ್ ಇಬ್ಬರನ್ನು ಬಿಟ್ಟು ಎಲ್ಲರೂ ಹೇಳಲಿ. ನಂಬರ್ ಪ್ರಕಾರ."

ಒಂದನೇ ನಂಬರ್ ಇವಾನ್.

ಇವಾನ್ ಕೈ ಜೋಡಿಸಿದ. ಆಕಾಶ ನೋಡಿದ. ಶುರುವಿನ ಎರಡು ಪದ ಬಂದವು, ಮೂರನೆಯದು ಬರಲಿಲ್ಲ. "ಐ ನೋ ಇಟ್ ಇನ್ ಇಂಗ್ಲಿಷ್, ಅಂಕಲ್," ಎಂದ.

"ಇಂಗ್ಲಿಷ್ ನನ್ನ ಆಫೀಸಿನ ಪಠಾಣನಿಗೂ ಬರ್ತದೆ," ಎಂದ ಕ್ಯಾಮಿಲಸ್. ಅವನು ಬಲೆ ಬೀಸಿದ್ದು ಚನಿಯನಿಗೆ, ಬಿದ್ದದ್ದು ಇನ್ನೂ ದೊಡ್ಡ ಮೀನು.

"ಏಯ್! ಅವನು ಶಿಶುವಾಗಿದ್ದಾಗ ಬಾವ್ತಿಜ್ಮ್ ಕಲ್ಲಮಜಲಿನ ಇಗರ್ಜಿಯಲ್ಲೇ ಆದದ್ದು!" ರೇಮಂಡನ ಕತ್ತಿನ ನರ ಉಬ್ಬಿತು. "ಎಂಟುನೂರು ಜನಕ್ಕೆ ಊಟ ಹಾಕಿದ್ದೇನೆ. ನೀನೂ ಬಂದಿದ್ದಿ. ಎರಡೆರಡು ಸಲ ಸೊರ್ಪೊಟೆಲ್ ಹಾಕಿಸಿಕೊಂಡಿದ್ದಿ!"

"ಊಟ ಮಾಡಿದ್ದು ನಾನು ರೇಮಂಡ್ ಬಾಬ್. ಪ್ರಾರ್ಥನೆ ಮರೆತದ್ದು ನಿನ್ನ ಮಗ."

ಮುಂದಿನ ಸಾಲಿನಲ್ಲಿದ್ದ ರೇಮಂಡನ ಹೆಂಡತಿ ಸುಸನ್ ತಲೆ ತಗ್ಗಿಸಿ ಪರ್ಸಿನೊಳಗೆ ಏನೋ ಹುಡುಕತೊಡಗಿದಳು. ನಾಲ್ಕನೇ ನಂಬರಿನ ಲೆಸ್ಲಿ ಒಂದು ಕಡೆ ಎಡವಿದರೂ ದಡ ಸೇರಿದ. ಏಳನೇ ನಂಬರಿನವನು ರೈಲು ಓಡಿಸಿದಂತೆ ಓಡಿಸಿ ಮುಗಿಸಿದ. ಆಮೇಲೆ ಒಂಬತ್ತು.

ಚನಿಯ ಕಣ್ಣು ಮುಚ್ಚಿಕೊಂಡ. ಭಕ್ತಿಯಿಂದಲ್ಲ. ಕಲ್ಲಮಜಲಿನ ಅಂಗಳದಲ್ಲಿ ಸಂಜೆ ಗಂಟೆ ಹೊಡೆದರೆ ಆಟ ನಿಲ್ಲುತ್ತಿತ್ತು. ಚೆಂಡು ಗಾಳಿಯಲ್ಲಿದ್ದರೂ ಸರಿ, ಅದು ಬಿದ್ದಲ್ಲಿ ಬಿಟ್ಟು ಎಲ್ಲರೂ ಇಗರ್ಜಿಯ ಕಡೆ ತಿರುಗಿ ನಿಲ್ಲಬೇಕು. ದೊಡ್ಡ ಪಾದ್ರಿ ಮೆಟ್ಟಿಲ ಮೇಲೆ ನಿಂತು ಹೇಳಿಸುತ್ತಿದ್ದರು. ಚನಿಯ ಸಾಲಿನ ಕೊನೆಯಲ್ಲಿ ನಿಂತಿರುತ್ತಿದ್ದ. ತುಟಿ ಅಲ್ಲಾಡಿಸು ಎಂದು ಯಾರೂ ಹೇಳಲಿಲ್ಲ, ಬೇಡ ಎಂದೂ ಹೇಳಲಿಲ್ಲ. ಮುಗಿದ ಮೇಲೆ ಎಲ್ಲರಿಗೂ ನೀರು. ಅವನ ಲೋಟ ಮಾತ್ರ ಬೇರೆ, ಬಾವಿಕಟ್ಟೆಯ ಆಚೆ ಕವುಚಿ ಇಟ್ಟಿರುತ್ತಿತ್ತು. ಏಳನೇ ವಯಸ್ಸಿನಿಂದ ಹದಿನೆಂಟರವರೆಗೆ, ಮಳೆಗಾಲ ಬಿಟ್ಟು, ದಿನಾಲೂ.

ಅವನು ಹೇಳಿದ. ಎಲ್ಲಿಯೂ ತಡವರಿಸಲಿಲ್ಲ. ಉಸಿರು ತೆಗೆದುಕೊಳ್ಳಬೇಕಾದ ಕಡೆ ಉಸಿರು ತೆಗೆದುಕೊಂಡ, ಸ್ವರ ಇಳಿಸಬೇಕಾದಲ್ಲಿ ಇಳಿಸಿದ. ಕೊನೆಯ ಆಮೆನ್ ಅನ್ನು ಆ ದೊಡ್ಡ ಪಾದ್ರಿ ಎಳೆಯುತ್ತಿದ್ದ ಹಾಗೆಯೇ ಸ್ವಲ್ಪ ಮೂಗಿನಿಂದ ಎಳೆದ. ಪರ್ಸು ಹುಡುಕುತ್ತಿದ್ದ ಸುಸನಳ ಕೈ ನಿಂತಿತ್ತು. ಹಿಂದಿನ ಸಾಲಿನ ಮುದುಕಿಯೊಬ್ಬಳು ಶಿಲುಬೆಯ ಗುರುತು ಮಾಡಿಕೊಂಡಳು. ಗೇಬ್ರಿಯಲರು ಕನ್ನಡಕ ತೆಗೆದು ಒರೆಸಿದರು.

"ನೋಡಿ ಇವನನ್ನು!" ಎಂದರು ಮೈಕಿನಲ್ಲಿಯೇ. "ಇದು ನಮ್ಮ ಫಿರ್ಗಜ್‌ನ ಹುಡುಗನ ಲಕ್ಷಣ! ಇವನ ಮೇಲೆ ಅನುಮಾನ ಪಟ್ಟರಲ್ಲ, ನಾಚಿಕೆಯಾಗಬೇಕು. ನಮ್ಮ ಮಕ್ಕಳಿಗೆ ಇಲ್ಲಿ ಕಾರುಂಟು, ಏಸಿ ಉಂಟು, ಆಮ್ಚ್ಯಾ ಬಾಪಾ ಇಲ್ಲ!"

ಚಪ್ಪಾಳೆ ಬಿತ್ತು. ಕ್ಯಾಮಿಲಸ್ ನೆಲ ನೋಡಿದ. ರೇಮಂಡನ ಮುಖದಲ್ಲಿ ಎರಡು ಭಾವ ಒಂದನ್ನೊಂದು ತಳ್ಳಾಡುತ್ತಿದ್ದವು: ಮಗ ಸೋತ, ತಂಡ ಉಳಿಯಿತು. ಎರಡರಲ್ಲಿ ತಂಡವೇ ಗೆದ್ದಿತು, ಅವನು ಚನಿಯನ ಬೆನ್ನು ತಟ್ಟಿ ಕಿವಿಯ ಹತ್ತಿರ "ಶಾಭಾಸ್ ಮಾರಾಯ, ಎಲ್ಲಿಂದ ಕಲಿತಿ ನೀನು ಇದನ್ನು?" ಎಂದ. ಕಲ್ಲಮಜಲಿನ ರೇಮಂಡನಿಗೆ ಅದು ನಿಜವಾಗಿಯೂ ಗೊತ್ತಿರಲಿಲ್ಲ. ಅದೇ ಸಾಲಿನಲ್ಲಿ, ಹತ್ತು ಮಾರು ಮುಂದೆ, ಅವನೂ ನಿಂತಿದ್ದ, ತಿರುಗಿ ನೋಡಿದವನಲ್ಲ.

"ಬಾ ಪುತಾ, ಬಾ," ಗೇಬ್ರಿಯಲರು ಫೈಲಿನ ಮೇಲೆ ಪೆನ್ನು ಹಿಡಿದು ಮೈಕನ್ನು ಚನಿಯನ ಬಾಯಿಗೆ ಒಡ್ಡಿದರು. "ಪೂರ್ತಿ ಹೆಸರು ಹೇಳು. ಅಪ್ಪನ ಹೆಸರು, ಯಾವ ವಾರ್ಡು. ಎಲ್ಲರೂ ಕೇಳಲಿ."

ಹೇಳಬೇಕಾದದ್ದು ಎರಡು ಪದ. ಮೆಲ್ರೋಯ್ ಕುಟಿನ್ಹೊ. ಹೇಳಿದರೆ ಫೈನಲು, ಬಹುಶಃ ಎಂಟನೆಯ ಟ್ರೋಫಿ, ಗೋಣಿಯಲ್ಲಿ ಅದಕ್ಕೂ ಜಾಗವಿತ್ತು. ಬನಿಯಾಸಿನಲ್ಲಿ ಯಾರದೋ ರಕ್ತದ ಬಾಟಲಿ ಅಲುಗಾಡಿಸುತ್ತಿರುವವನಿಗೆ ಈ ಚಪ್ಪಾಳೆ ಸಲ್ಲುತ್ತದೆ. ಸ್ಮ್ಯಾಶು ಕೊಟ್ಟಾಗಿತ್ತು, ಮೊಣಕಾಲು ಕೊಟ್ಟಾಗಿತ್ತು. ಈಗ ಬಾವಿಕಟ್ಟೆಯ ಆಚೆಗಿನ ಆ ಹನ್ನೊಂದು ವರ್ಷದ ಸಂಜೆಗಳೂ ಕುಟಿನ್ಹೊನ ಲೆಕ್ಕಕ್ಕೆ. ಇಷ್ಟು ವರ್ಷ ಇವರನ್ನೆಲ್ಲ ಮನಸ್ಸಿನಲ್ಲಿ ಏಕವಚನದಲ್ಲಿ ಕರೆದು ತಾನು ದೊಡ್ಡವನೆಂದುಕೊಂಡಿದ್ದ. ಮನಸ್ಸಿನ ಏಕವಚನ ಯಾರ ಕೂದಲನ್ನೂ ಕೊಂಕಿಸುವುದಿಲ್ಲ. ಧಣಿಗಳು ಅಗ್ಗದವರಾದರೆ ಅವರಿಗೆ ಸಿಕ್ಕಿದ ಮಾಲು ಅದಕ್ಕಿಂತ ಅಗ್ಗ.

ಯಾಕೆ ಕೊಟ್ರು, ಅವರಿಗೆ ಮಗಳಿಲ್ವಾ, ಎಂದಿದ್ದಳು ಶರ್ಮಿಳಾ.

"ಚನಿಯ," ಎಂದ. ನಾಲ್ಕು ಸ್ಪೀಕರುಗಳಲ್ಲಿ ಅದು ಒಮ್ಮೆಗೇ ಹೊರಟು ಶಾಲೆಯ ಗೋಡೆಗೆ ಬಡಿದು ಮರಳಿ ಬಂತು. "ಅಪ್ಪನ ಹೆಸರು ತನಿಯ. ಮನೆ ಕಲ್ಲಮಜಲು ಇಗರ್ಜಿಯ ಕೆಳಗೆ, ತೋಡಿನ ಬದಿ. ವಾರ್ಡಿಲ್ಲ."

ಗೇಬ್ರಿಯಲರ ಪೆನ್ನು ಅಭ್ಯಾಸಬಲದಿಂದ 'ಚನಿ' ಎಂದು ಬರೆದು ನಿಂತಿತು.

"ಅಂದರೆ... ನೀನು... ಮತ್ತೆ ಪ್ರಾರ್ಥನೆ?"

"ನಿಮ್ಮ ಅಂಗಳದಲ್ಲಿ ದಿನಾ ಕೇಳಿದ್ದು ಸರ್. ನೀರಿಗೆ ಬೇರೆ ಲೋಟ ಇಟ್ಟಿದ್ರು. ಕಿವಿಗೆ ಇಟ್ಟಿರಲಿಲ್ಲ."

ಮೊದಲು ಚೇತರಿಸಿಕೊಂಡವನು ಕ್ಯಾಮಿಲಸ್. "ನಾನು ಹೇಳಿದೆನಾ ಇಲ್ವಾ? ಡಿಸ್‌ಕ್ವಾಲಿಫೈ! ಕಲ್ಲಮಜಲು ಡಿಸ್‌ಕ್ವಾಲಿಫೈ! ಫೈನಲ್ ನಮಗೆ!"

"ಸರಿಯಾದ ಮಾತು ಸರ್," ಎಂದ ಚನಿಯ, ಇನ್ನೂ ಮೈಕಿನ ಮುಂದೆಯೇ. "ಹಾಗೆಯೇ ಮೂರು ವರ್ಷದ ಹಿಂದಿನ ಕಪ್ಪೂ ವಾಪಸು ಕೊಟ್ಟುಬಿಡಿ. ಅವತ್ತಿನ ನಾರ್ಬರ್ಟ್ ಮಥಾಯಸ್ ನಾನೇ. ಗೇಬ್ರಿಯಲ್ ಸರ್, ಬರೆದುಕೊಳ್ಳಿ. ನನ್ನ ಹತ್ತಿರ ಇನ್ನೂ ಒಂಬತ್ತು ಹೆಸರುಂಟು."

ಗೇಬ್ರಿಯಲರು ಬರೆದುಕೊಳ್ಳಲಿಲ್ಲ. ಫೈಲು ಮುಚ್ಚಿದರು. ಅಂಗಳದಲ್ಲಿ ಒಬ್ಬರ ಮುಖ ಒಬ್ಬರು ನೋಡುತ್ತಿದ್ದ ತಂಡಗಳಲ್ಲಿ ಮೂರಕ್ಕೆ ಆ ಒಂಬತ್ತರಲ್ಲಿ ಪಾಲಿತ್ತು, ಮತ್ತು ಅದು ಆ ಮೂರಕ್ಕೂ ಗೊತ್ತಿತ್ತು. ಎಲ್ಲರೂ ಒಟ್ಟಿಗೆ ಕೂಗಾಡತೊಡಗಿದರು. ನ್ಯಾಯದ ಬಗ್ಗೆ, ಶಿಸ್ತಿನ ಬಗ್ಗೆ, ಸಮಾಜದ ಮಾನದ ಬಗ್ಗೆ. ಚನಿಯ ಕೇಳಿಸಿಕೊಂಡ. ಇಂಥ ಗಲಾಟೆ ಅವನಿಗೆ ಹೊಸದಲ್ಲ. ಕಡೆಗೆ ಯಾರೂ ಏನನ್ನೂ ವಾಪಸು ಕೊಡುವುದಿಲ್ಲ.

ನೀರಿನ ಡ್ರಮ್ಮಿನ ಹತ್ತಿರ ರೇಮಂಡ್ ಅವನನ್ನು ಹಿಡಿದ.

"ಹಾಲು ಕೊಟ್ಟ ಕೈಗೇ ಕಚ್ಚಿದಿಯಲ್ಲ ನೀನು! ನಾಳೆ ಬೆಳಿಗ್ಗೆ ನಿನ್ನ ವೀಸಾ ಖಲಾಸ್. ಮಾಫಿ ಶುಗಲ್, ಮಾಫಿ ರೂಮ್, ಕೆಲಸವೂ ಇಲ್ಲ ರೂಮೂ ಇಲ್ಲ. ಕಲ್ಲಮಜಲಿಗೆ ಹೋಗಿ ತೋಡಿನ ಬದಿಯಲ್ಲಿ ಕೂತ್ಕೋ."

"ಆಯ್ತು ಸರ್. ರೂಮ್ ನಿಮ್ಮದಲ್ಲ, ಅಲಿಯಬ್ಬನದು." ಚನಿಯ ನೀಲಿ ಜೆರ್ಸಿಯನ್ನು ತಲೆಯ ಮೇಲಿಂದ ತೆಗೆದು, ಮಡಚಿ, ರೇಮಂಡನ ಕೈಯಲ್ಲಿ ಇಟ್ಟ. "ಕ್ಯಾನ್ಸಲ್ ಪೇಪರಿನಲ್ಲಿ ಯಾವ ಹೆಸರು ಹಾಕಿಸ್ತೀರಿ? ಮೆಲ್ರೋಯ್ ಅಂತ ಹಾಕಿದ್ರೆ ನಡೆಯುವುದಿಲ್ಲ. ಎಂಟು ಸಲ ಕ್ಯಾನ್ಸಲ್ ಆಗಿದೆ, ಎಂಟು ಸಲವೂ ನನ್ನ ಹೆಸರು ಸರಿಯಾಗಿ ಬರೆದಿದ್ದಾರೆ. ಕೆಲಸದಿಂದ ತೆಗೆಯುವಾಗ ಯಾರಿಗೂ ತಪ್ಪುವುದಿಲ್ಲ."

ರೇಮಂಡ್ ಏನೋ ಹೇಳಿದ. ಅದನ್ನು ಕೇಳಲು ಚನಿಯ ನಿಲ್ಲಲಿಲ್ಲ.

ಎರಡನೇ ತರಗತಿಯ ಕೋಣೆಯ ಬಾಗಿಲಲ್ಲಿ ಅಲಿಯಬ್ಬ ನಿಂತಿದ್ದ. ಮಧ್ಯಾಹ್ನದ ಗಿರಾಕಿಗಳನ್ನು ಮುಗಿಸಿ ಸತ್ವಾದಿಂದ ಬಸ್ಸು ಹಿಡಿದು ಈಗಷ್ಟೇ ಬಂದವನು.

"ಆಟ ಮುಗಿಯಿತಾ?"

"ನನ್ನದು ಮುಗಿಯಿತು."

"ಗೇಟಿನ ಹತ್ತಿರ ಮೈಕಲ್ಲಿ ನಿನ್ನ ಹೆಸರು ಕೇಳಿಸ್ತು. ನಾನು ಎಣಿಸಿದೆ, ಏನೋ ಬಹುಮಾನ ಇರಬೇಕು ಅಂತ."

"ಬಹುಮಾನವೇ ಅಬ್ಬಾ. ನಾಳೆ ಸಿಗ್ತದೆ." ಚನಿಯ ಬ್ಯಾಗಿನಿಂದ ತನ್ನ ಜೆರ್ಸಿ ತೆಗೆದು ಹಾಕಿಕೊಂಡ. ಭುಜದಲ್ಲಿ ಸ್ವಲ್ಪ ಬಿಗಿಯಾಯಿತು.

"ದಪ್ಪ ಆಗಿದ್ದೀಯ," ಎಂದ ಅಲಿಯಬ್ಬ. "ಅಳತೆ ಕೊಡುವಾಗ ಹೊಟ್ಟೆ ಎಳೆದುಕೊಂಡಿದ್ದಿ. ಟೈಲರನಿಗೆ ಸುಳ್ಳು ಹೇಳಿದ್ರೆ ಹೀಗೇ."

ಜೋಯ್ಲಿನ್ ಮೇಜು ಮಡಚುವುದರಲ್ಲಿದ್ದಳು. ಚನಿಯನನ್ನು ಕಂಡು ಪೆನ್ನಿನ ಮುಚ್ಚಳ ಮತ್ತೆ ತೆಗೆದಳು. ಹೆಸರು ಕೇಳಲಿಲ್ಲ, ಮೈಕು ಎಲ್ಲರಿಗೂ ಕೇಳಿಸಿತ್ತು. ಚನಿಯ, ವಯಸ್ಸು ಮೂವತ್ತೊಂಬತ್ತು ಎಂದು ಬರೆದುಕೊಂಡಳು. ನಿಂತ ಎತ್ತರ ಅಳೆದಳು: ಒಂದು ಮೀಟರ್ ಎಂಬತ್ತಮೂರು.

"ಎಷ್ಟು ಮುಟ್ಟಬಹುದು ಅಂತ ಅಂದಾಜು?"

"ಮೂರು ಇಪ್ಪತ್ತು," ಎಂದ ಚನಿಯ. ಎಲ್ಲ ಧಣಿಗಳಿಗೂ ಅವನು ಹೇಳುತ್ತಿದ್ದ ಅಳತೆ ಅದು. ೨೦೦೨ರಲ್ಲಿ ನಿಜವಾಗಿತ್ತು.

ಮೊದಲ ಸಲ ಹೆಜ್ಜೆ ತಪ್ಪಿತು. ಎರಡನೇ ಸಲ ಮೊಣಕಾಲು ತಡೆಯಿತು, ಕಡ್ಡಿಗಳು ಅಲುಗಿದವು, ತಿರುಗಲಿಲ್ಲ. ಹಿಂದೆ ಅಂಗಳದಲ್ಲಿ ಸಮಾಜದ ಮಾನ ಇನ್ನೂ ನಡೆಯುತ್ತಿತ್ತು. ಅವನು ನಾಲ್ಕು ಹೆಜ್ಜೆ ಹಿಂದೆ ಸರಿದು, ಮೊಣಕಾಲಿನ ಪಟ್ಟಿಯನ್ನು ಒಂದು ಸುತ್ತು ಬಿಗಿಮಾಡಿ, ಓಡಿ, ಹಾರಿದ.

ಜೋಯ್ಲಿನ್ ಕುರ್ಚಿಯ ಮೇಲೆ ಹತ್ತಿ ಕಡ್ಡಿ ಎಣಿಸಿದಳು. ಇಳಿದು, ಮತ್ತೊಮ್ಮೆ ಹತ್ತಿ ಎಣಿಸಿದಳು.

"ಇನ್ನೊಮ್ಮೆ ಹಾರ್ತೀರಾ ಅಣ್ಣ? ನೀವು ಹೇಳಿದ್ದಕ್ಕಿಂತ ಕಡಿಮೆ ಬಂತು. ಲಿಸ್ಟಲ್ಲಿ ನಾಲ್ಕನೆಯದು."

"ಬೇಡಮ್ಮ. ಇದ್ದದ್ದನ್ನು ಬರೆಯಿರಿ."

ಅವಳು ಕಾರ್ಡಿನಲ್ಲಿ ಬರೆದು, ಕ್ಲಿನಿಕ್ಕಿನ ಸೀಲು ಒತ್ತಿ ಕೊಟ್ಟಳು. ಅಲಿಯಬ್ಬ ಅದನ್ನು ಬೆಳಕಿಗೆ ಹಿಡಿದು ಫೋನಿನಲ್ಲಿ ಫೋಟೋ ತೆಗೆದ, ಕಲ್ಲಮಜಲಿಗೆ, ಶರ್ಮಿಳಾಗೆ ಕಳಿಸುವುದಕ್ಕೆ. ಕಾರ್ಡಿನಲ್ಲಿ ಹೆಸರಿನ ಮುಂದೆ ಇದ್ದ ಅಳತೆ ಮೂರು ಮೀಟರ್ ಎರಡು ಸೆಂಟಿಮೀಟರ್.